ಕಾಗದದಲ್ಲಿ ಇಪ್ಪತ್ತು, ನೆಲದಲ್ಲಿ ಹದಿನಾಲ್ಕು: ಗುಲಾಬಿ ಟವರ್ಸಿನ ಚೆನ್ನಪ್ಪ ಸಾಲಿಯಾನರು

ಕಟ್ಟಡವನ್ನು ಕಟ್ಟಿಸಿದವರ ಹೆಸರು ಶಿಲಾಫಲಕದಲ್ಲಿರುತ್ತದೆ, ಕೊಂಡವರ ಹೆಸರು ಕ್ರಯಪತ್ರದಲ್ಲಿರುತ್ತದೆ. ಅದನ್ನು ಒಳಗಿನಿಂದ ಅರಿತವರ ಹೆಸರು ಮಾತ್ರ ಎಲ್ಲಿಯೂ ಇರುವುದಿಲ್ಲ. ಕೊಡಿಯಾಲ್‌ಬೈಲಿನ ಗುಲಾಬಿ ಟವರ್ಸ್ ಎಂಬ ಹದಿನಾಲ್ಕು ಮಹಡಿಗಳ ಕಚೇರಿ ಕಟ್ಟಡವನ್ನು ಅಡಿಪಾಯದ ಮೊದಲ ಗುಂಡಿಯಿಂದ ಬಲ್ಲ ಶ್ರೀ ಚೆನ್ನಪ್ಪ ಸಾಲಿಯಾನರು, ಮೂವತ್ತೊಂದು ವರ್ಷಗಳಲ್ಲಿ ನಾಲ್ಕು ಒಡೆತನಗಳನ್ನು ಕಂಡು, ಈ ತಿಂಗಳ ಕೊನೆಗೆ ನಿವೃತ್ತರಾಗುತ್ತಿದ್ದಾರೆ. ಅವರ ಹೆಸರನ್ನು ಒಂದು ಪುಸ್ತಕದಲ್ಲಾದರೂ ದಾಖಲಿಸಬೇಕೆಂಬುದು ಈ ಅಭಿನಂದನ ಸಂಪುಟದ ಆಶಯ.

ಹಂಪನಕಟ್ಟೆಯ ಲಾಡ್ಜೊಂದರ ಮೇಲಿದ್ದ ವಾಸ್ತುಶಿಲ್ಪಿ ಎಡ್ವಿನ್ ಪಿಂಟೋ ಅವರ ಕಚೇರಿಗೆ ಚೆನ್ನಪ್ಪನವರು ಸೇರಿದ್ದು ಇಪ್ಪತ್ತರ ಹರೆಯದಲ್ಲಿ, ನಕ್ಷೆಗಳ ಪ್ರತಿ ತೆಗೆಯುವ ಕೆಲಸಕ್ಕೆ. ೧೯೯೩ರಲ್ಲಿ ಹೋಟೆಲ್ ಉದ್ಯಮಿ ಚಿತ್ತರಂಜನ ಆಳ್ವರು ತಮ್ಮ ತಾಯಿ ಗುಲಾಬಿಯವರ ಹೆಸರಿನಲ್ಲಿ, ಕುಟುಂಬದ ಹಳೆಯ ಗದ್ದೆಯ ಜಾಗದಲ್ಲಿ ಇಪ್ಪತ್ತು ಮಹಡಿಗಳ ಕಟ್ಟಡವೊಂದನ್ನು ಬಯಸಿದರು. ನಕ್ಷೆ ಸಿದ್ಧವಾಯಿತು, ಪರವಾನಗಿಯೂ ಬಂತು. ಆದರೆ ಅಡಿಪಾಯ ತೋಡುವಾಗ, ದಕ್ಷಿಣದಲ್ಲಿ ಬೇಗನೆ ಸಿಕ್ಕ ಬಂಡೆ ಉತ್ತರದ ಬದಿಯಲ್ಲಿ ಎಷ್ಟು ಇಳಿದರೂ ಸಿಗಲಿಲ್ಲ. ಹೆಸರಿನಲ್ಲೇ ಬೈಲು, ಎಂದರೆ ತಗ್ಗಿನ ಗದ್ದೆ, ಇರುವ ಊರು. ಆ ಬದಿಗೆ ಹಿಂದೆ ಕೆರೆಯಿತ್ತೆಂದು ಆಳ್ವರ ತಾಯಿಗೆ ಮಾತ್ರ ನೆನಪಿತ್ತು.

ಪಿಂಟೋ ಅವರು ಕಟ್ಟಡವನ್ನು ಹದಿನಾಲ್ಕಕ್ಕೆ ಇಳಿಸಿ ಅಡಿಪಾಯದ ನಕ್ಷೆಯನ್ನು ಬದಲಿಸಿದರು. ಆ ಹಾಳೆಯನ್ನು ಬರೆದ ಕೈ ಚೆನ್ನಪ್ಪನವರದು. ಕಟ್ಟಡದ ಹೆಸರಿಗೆ ಕುಂದು ಬರುತ್ತದೆಂದು ಆಳ್ವರು ಆ ಹಾಳೆಯನ್ನು ಯಾವ ಇಲಾಖೆಗೂ ಕೊಡಲಿಲ್ಲ. ಉಳಿದ ಮಹಡಿಗಳನ್ನು ಮುಂದೆ ಕಟ್ಟುತ್ತೇವೆ ಎಂದರು. "ಚೆನ್ನಪ್ಪ, ಇದರ ಮೇಲೆ ಒಂದು ಮಾಳಿಗೆಯೂ ಏರಬಾರದು. ನಾನಿಲ್ಲದ ಮೇಲೂ ನೀನು ಇರ್ತಿ, ನೋಡ್ಕೋ" ಎಂದಿದ್ದರಂತೆ ಪಿಂಟೋ. ಕಟ್ಟಡ ಮುಗಿದಾಗ ಅದರ ಮೇಲ್ವಿಚಾರಣೆಗೆ ತಮ್ಮ ಶಿಷ್ಯನನ್ನೇ ಬಿಟ್ಟುಕೊಟ್ಟರು.

೨೦೦೪ರಲ್ಲಿ ಆಳ್ವ ಸಹೋದರರ ನಡುವೆ ಆಸ್ತಿ ಪಾಲಾಗಿ, ಕಟ್ಟಡ ಮುಂಬೈಯ ಕಂಪೆನಿಯೊಂದರ ಕೈಸೇರಿತು. ಮೆಟ್ಟಿಲ ಕೆಳಗೆ ಜೆರಾಕ್ಸ್ ಅಂಗಡಿಯಿಟ್ಟಿದ್ದ ಕಮರುದ್ದೀನರನ್ನು ಎಬ್ಬಿಸಲು ಹೊಸ ಒಡೆಯರು ಹೊರಟಾಗ, ಆ ಮೂಲೆಯನ್ನು ಅಂಗಡಿಯೆಂದೇ ಗುರುತಿಸಿದ್ದ ಮೂಲ ನಕ್ಷೆಯನ್ನು ಬಿಡಿಸಿಟ್ಟು ಅವರ ಹೊಟ್ಟೆಪಾಡನ್ನು ಉಳಿಸಿದವರು ಚೆನ್ನಪ್ಪನವರು. ಇಂಥ ಉಪಕಾರಗಳನ್ನು ನೆನೆಯುವವರು ಪ್ರತಿ ಮಹಡಿಯಲ್ಲೂ ಇದ್ದಾರೆ. ಆದರೆ ಚೆನ್ನಪ್ಪನವರ ಬಾಳಿನ ಕಠಿಣ ಅಧ್ಯಾಯದಲ್ಲಿ ನಾವೆಲ್ಲ ಎಲ್ಲಿದ್ದೆವು ಎಂಬುದನ್ನೂ ಹೇಳದಿದ್ದರೆ ಈ ಅಭಿನಂದನೆ ಅರ್ಧ ಸುಳ್ಳಾದೀತು.

೨೦೧೩ರಲ್ಲಿ ಕಟ್ಟಡವನ್ನು ಕೊಂಡ ನಗರದ ಬಿಲ್ಡರ್ ತುಷಾರ್ ಹೆಗ್ಡೆಯವರು ಪರವಾನಗಿಯನ್ನು ನವೀಕರಿಸಿಕೊಂಡು, ಬಾಕಿಯುಳಿದ ಆರು ಮಹಡಿಗಳನ್ನು ಏರಿಸಲು ನಿರ್ಧರಿಸಿದರು. ಚೆನ್ನಪ್ಪನವರು ತಡೆದರು.

"ಇಪ್ಪತ್ತಕ್ಕೆ ಪರ್ಮಿಶನ್ ಉಂಟಲ್ಲ ಚೆನ್ನಪ್ಪಣ್ಣ, ಮತ್ತೆ ನಿಮಗೆಂತ ತೊಂದರೆ?"

"ಕಾಗದದಲ್ಲಿ ಉಂಟು ಧಣಿ. ನೆಲದಲ್ಲಿ ಇಲ್ಲ."

"ಹಾಗೆ ಬರೆದ ನಕ್ಷೆ ಉಂಟಾದರೆ ತೋರಿಸಿ."

ತೋರಿಸಲು ಬದಲಿಸಿದ ಆ ಹಾಳೆ ಇರಲಿಲ್ಲ. ಪಿಂಟೋ ತೀರಿಕೊಂಡು ನಾಲ್ಕು ವರ್ಷವಾಗಿತ್ತು. ಅವರ ಕಚೇರಿಯ ಕಾಗದಗಳನ್ನು ಗೆದ್ದಲು ತಿಂದಿತ್ತು. ಆಳ್ವರೂ ಇರಲಿಲ್ಲ. ಹೊರಗಿನಿಂದ ಬಂದ ತಜ್ಞರು ಇಲಾಖೆಯಲ್ಲಿದ್ದ ಹಳೆಯ ನಕ್ಷೆಯನ್ನು ನೋಡಿ ಎಲ್ಲ ಸರಿಯಿದೆ ಎಂದರು. ಚೆನ್ನಪ್ಪನವರು ಕಟ್ಟಡದ ಪ್ರತಿ ಬಾಡಿಗೆದಾರರಿಗೂ ಅಪಾಯವನ್ನು ತಿಳಿಸಿ ತಮ್ಮ ಕೈಯಾರೆ ಪತ್ರ ಬರೆದರು. ಒಬ್ಬರೂ ಉತ್ತರಿಸಲಿಲ್ಲ. ಒಂಬತ್ತನೆಯ ಮಹಡಿಯ ಕಟ್ಟಡ ಸಲಹಾ ಸಂಸ್ಥೆಯಲ್ಲಿ ಆಗ ಕಿರಿಯ ಎಂಜಿನಿಯರಾಗಿದ್ದ ಈ ಲೇಖಕಿಯೂ ಆ ಪತ್ರವನ್ನು ಓದಿ, ಮೇಜಿನ ಖಾನೆಗೆ ಸೇರಿಸಿ, ತನ್ನ ಪಾಡಿಗೆ ಇದ್ದುಬಿಟ್ಟಳು.

ಕೆಲಸದಿಂದ ತೆಗೆದರೆ ಗಲಾಟೆಯಾದೀತೆಂದೋ ಏನೋ, ಅವರನ್ನು ನೆಲಮಾಳಿಗೆಯ ಪಂಪ್ ರೂಮಿನ ಪಕ್ಕದ ಕೋಣೆಗೆ ವರ್ಗಾಯಿಸಲಾಯಿತು. ಮಾಡಲು ಕೆಲಸವಿರಲಿಲ್ಲ. ಮೇಲಿನ ಮಹಡಿಗಳಲ್ಲಿ ಯಾರದೋ ಹುಟ್ಟುಹಬ್ಬದ ಸಿಹಿ ಹಂಚಿದರೆ ಅದು ಕೆಳಗಿಳಿಯುತ್ತಿರಲಿಲ್ಲ. ಕಮರುದ್ದೀನರು ಚಾ ತಂದಿಟ್ಟು ಮಾತಾಡದೆ ತಿರುಗುತ್ತಿದ್ದರು. ಅವರಿಗೂ ಅಂಗಡಿಯ ಚಿಂತೆ. ದಿನವಿಡೀ ಕೇಳುತ್ತಿದ್ದುದು ಪಂಪಿನ ಸದ್ದು, ಲಿಫ್ಟಿನ ಹಗ್ಗದ ಸದ್ದು. "ನಾನೇ ತಪ್ಪು ನೆನಪಿಟ್ಟುಕೊಂಡಿದ್ದೇನಾ ಅಂತ ಒಂದೊಂದು ದಿನ ಅನ್ನಿಸ್ತಿತ್ತು. ಕೇಳಿಕೊಳ್ಳುವ ಅಂದ್ರೆ ಪಿಂಟೋ ಸಾರ್ ಇಲ್ಲ" ಎಂದು ಅವರು ಮುಂದೊಮ್ಮೆ ಹೇಳಿದ್ದುಂಟು.

ಈ ಸಂಗತಿಯನ್ನು ಅವರು ಮನೆಯಲ್ಲಿಯೂ ಹೇಳಲಿಲ್ಲ. ಎಂದಿನ ಹೊತ್ತಿಗೆ ಇಸ್ತ್ರಿಯ ಅಂಗಿ ತೊಟ್ಟು ಕಾವೂರಿನಿಂದ ಬಸ್ಸು ಹತ್ತುತ್ತಿದ್ದರು. ವರ್ಷವೊಂದು ಹೀಗೇ ಕಳೆಯಿತು. ಒಂದು ದಿನ ಮರೆತು ಬಂದ ಊಟದ ಡಬ್ಬಿಯನ್ನು ಹಿಡಿದು ಅವರ ಮಡದಿ ದೇಯಿಯವರು ಕಚೇರಿಗೆ ಬಂದಾಗ, "ಅವರು ಇಲ್ಲಿಲ್ಲ, ಕೆಳಗೆ" ಎಂದರು ಅಲ್ಲಿದ್ದವರು. ದೇಯಿಯವರು ಕೆಳಗಿಳಿದು, ದೀಪವಿಲ್ಲದ ಓಣಿಯನ್ನು ದಾಟಿ, ಕೋಣೆಯ ಬಾಗಿಲಲ್ಲಿ ನಿಂತರು.

"ಎಂತ ಮಾರಾಯ್ರೇ ಇದು? ನನಗೊಂದು ಮಾತು ಹೇಳ್ಲಿಕ್ಕೆ ಆಗ್ಲಿಲ್ವಾ?"

ಚೆನ್ನಪ್ಪನವರು ಕುರ್ಚಿಯನ್ನು ಅವರತ್ತ ಸರಿಸಿದರು. ದೇಯಿಯವರು ಡಬ್ಬಿ ಬಿಚ್ಚಿ, ಅದೇ ಅನ್ನವನ್ನೂ ಬಂಗುಡೆ ಮೀನಿನ ಸಾರನ್ನೂ ಮುಚ್ಚಳಕ್ಕೆ ಒಂದಷ್ಟು ಹಾಕಿಕೊಂಡು, ಅವರೆದುರು ಕುಳಿತು ಉಂಡರು. ಆ ನೆಲಮಾಳಿಗೆಯಲ್ಲಿ ಅವರು ಜೊತೆಯಲ್ಲಿ ಉಂಡ ಮೊದಲ ಊಟ ಅದು.

೨೦೧೬ರ ಮಳೆಗಾಲದ ಹೊತ್ತಿಗೆ ಹದಿನೈದನೆಯ ಮಹಡಿಯ ಕಂಬಗಳು ಎದ್ದಿದ್ದವು. ಉತ್ತರದ ಮೆಟ್ಟಿಲ ಗೋಡೆಯಲ್ಲಿ ಕೂದಲೆಳೆಯಷ್ಟು ಬಿರುಕು ಕಂಡಿತು. ಚೆನ್ನಪ್ಪನವರು ಬಿರುಕಿನ ಮೇಲೆ ಅಡ್ಡಲಾಗಿ ಗಾಜಿನ ಪಟ್ಟಿಗಳನ್ನು ಸಿಮೆಂಟಿನಿಂದ ಅಂಟಿಸಿ ತಾರೀಕು ಬರೆದಿಟ್ಟರು. ಗೋಡೆ ಅಲುಗದಿದ್ದರೆ ಗಾಜು ಉಳಿಯುತ್ತದೆ. ಹದಿನೇಳು ದಿನಗಳಲ್ಲಿ ಐದು ಪಟ್ಟಿಗಳೂ ಒಡೆದವು. ಅಂದು ಮಧ್ಯಾಹ್ನ ಅವರು ಒಂಬತ್ತನೆಯ ಮಹಡಿಗೆ, ಈ ಲೇಖಕಿಯ ಮೇಜಿನ ಬಳಿಗೆ ಬಂದರು.

"ಸಂಚಿತಾ ಮೇಡಂ, ನನ್ನ ಮಾತು ನಂಬಬೇಡಿ. ಒಮ್ಮೆ ಗಾಜು ನೋಡಿ."

ನೋಡಿದ ಮೇಲೆ ಸುಮ್ಮನಿರುವುದು ಸಾಧ್ಯವಾಗಲಿಲ್ಲ. ಈ ಲೇಖಕಿ ಬರೆದ ವರದಿ ನಗರಪಾಲಿಕೆಗೆ ಹೋಯಿತು, ಕೆಲಸ ನಿಂತಿತು, ಉತ್ತರದ ಬದಿಯಲ್ಲಿ ಕೊಳವೆ ಇಳಿಸಿ ಮಣ್ಣು ಪರೀಕ್ಷಿಸಲಾಯಿತು. ನಕ್ಷೆಯಲ್ಲಿ ಬಂಡೆಯೆಂದು ತೋರಿಸಿದ್ದ ಆಳದಲ್ಲಿ ಬಂದದ್ದು ಕಪ್ಪು ಕೆಸರು. ತುಷಾರ್ ಹೆಗ್ಡೆಯವರು ತಾವೇ ನೆಲಮಾಳಿಗೆಗೆ ಇಳಿದು ಬಂದರು. "ಚೆನ್ನಪ್ಪಣ್ಣ, ನಾನು ಕೇಳಬೇಕಿತ್ತು" ಎಂದಷ್ಟೇ ಹೇಳಿ ಹೋದರು. ಹದಿನೈದನೆಯ ಮಹಡಿಯ ಕಂಬಗಳನ್ನು ಕೆಡವಿಸಿದರು, ಅಡಿಪಾಯವನ್ನು ಬಲಪಡಿಸಿದರು. ೨೦೧೯ರಲ್ಲಿ ಬಾಡಿಗೆದಾರರ ಸಂಘಕ್ಕೇ ಕಟ್ಟಡವನ್ನು ಮಾರಿದರು. ಸಂಘದ ಮೊದಲ ಸಭೆಯಲ್ಲಿ ಚೆನ್ನಪ್ಪನವರನ್ನು ವ್ಯವಸ್ಥಾಪಕರನ್ನಾಗಿ ಆರಿಸಲಾಯಿತು. ಅಂದು ಎಲ್ಲರೂ ಚಪ್ಪಾಳೆ ತಟ್ಟಿದೆವು; ಕ್ಷಮೆ ಕೇಳಲು ಯಾರಿಗೂ ಬಾಯಿ ಬರಲಿಲ್ಲ.

ಅಷ್ಟು ಮಂದಿಯಲ್ಲಿ ತನ್ನ ಬಳಿಗೇ ಏಕೆ ಬಂದಿರೆಂದು ಈ ಲೇಖಕಿ ಮೊನ್ನೆ ಅವರನ್ನು ಕೇಳಿದಳು. ಅವರು ನಕ್ಕರು. "ಉಳಿದವರೆಲ್ಲ ಲಿಫ್ಟಿನಲ್ಲಿ ಸಿಕ್ಕಿದ್ರೆ ಎಂತ ಚೆನ್ನಪ್ಪಣ್ಣ ಅಂತ ನಗಾಡ್ತಿದ್ರು. ನೀವೊಬ್ಬರೇ ಮುಖ ಆಚೆ ಮಾಡ್ತಿದ್ದದ್ದು. ಮುಖ ಆಚೆ ಮಾಡುವವರಿಗೆ ವಿಷಯ ಗೊತ್ತಿರ್ತದೆ ಮೇಡಂ."

ಕಟ್ಟಡ ನಿಜವಾಗಿ ಹೇಗೆ ನಿಂತಿದೆಯೋ ಹಾಗೆಯೇ ಅದರ ಸಮಗ್ರ ನಕ್ಷೆಯನ್ನು ಅವರು ಈಗ ಹಾಳೆ ಹಾಳೆಯಾಗಿ ಬರೆಯುತ್ತಿದ್ದಾರೆ. ಆರು ಮಹಡಿಗಳಷ್ಟು ಮುಗಿದಿದೆ. ಉಳಿದ ಎಂಟನ್ನೂ ಬರೆದು ಮುಗಿಸುವ ಕಣ್ಣನ್ನೂ ಕೈಯನ್ನೂ ದೇವರು ಅವರಿಗೆ ಕೊಡಲಿ; ದೇಯಿಯವರೊಡನೆ ಅವರು ನೂರು ಕಾಲ ಬಾಳಲಿ. ಅಂದು ಖಾನೆಗೆ ಸೇರಿದ ಆ ಪತ್ರಕ್ಕೆ ಹನ್ನೊಂದು ವರ್ಷ ತಡವಾಗಿ ಬರೆದ ಉತ್ತರವಾಗಿ ಈ ಲೇಖನವನ್ನು ಅವರು ಸ್ವೀಕರಿಸಲಿ.