ನನ್ನ ಹೆಸರಿನ ಬೂತ್

ಈಚೆಗೆ ಜೆ.ಪಿ. ನಗರದ ದಂತವೈದ್ಯರೊಬ್ಬರು ನನ್ನ ಹಲ್ಲಿಗೆ ಲವಂಗದೆಣ್ಣೆ ಸವರಿದಾಗ ಮಹಡಿ ಮನೆಯ ಅಂಕಲ್ ನೆನಪಾದರು. ಅವರ ಬಾಯಲ್ಲಿ ಸದಾ ಒಂದು ಲವಂಗ ಇರುತ್ತಿತ್ತು. ಮಾತಿಗೆ ಮುಂಚೆ ಅದನ್ನು ಕೆನ್ನೆಯ ಒಂದು ಬದಿಗೆ ಸರಿಸಿಕೊಳ್ಳುತ್ತಿದ್ದರು...

ತೊಂಬತ್ತರ ದಶಕದ ಕೊನೆ. ಬನಶಂಕರಿಯಲ್ಲಿ ನಾವು ಬಾಡಿಗೆಗಿದ್ದ ಮನೆಯ ಮೇಲಿನ ಭಾಗದಲ್ಲಿ ಅವರಿದ್ದರು. ಯಾವುದೋ ಸರ್ಕಾರಿ ಕಚೇರಿಯಿಂದ ನಿವೃತ್ತರಾದವರು. ಅಪ್ಪ ತೀರಿಕೊಂಡಿದ್ದರು, ಅಮ್ಮ ಸೀರೆಗಳಿಗೆ ಫಾಲ್ ಹೊಲಿದು ಮನೆ ನಡೆಸುತ್ತಿದ್ದಳು. ಪೋಲಿಯೊದಿಂದ ಸೊರಗಿದ ಬಲಗಾಲಿಗೆ ಕಬ್ಬಿಣದ ಸರಳುಗಳ ಕ್ಯಾಲಿಪರ್ ಕಟ್ಟಿಕೊಂಡೇ ನಾನು ಪಿಯುಸಿ ಮುಗಿಸಿದ್ದೆ. ಮುಂದೇನು ಎಂಬುದು ಇಬ್ಬರಿಗೂ ತಿಳಿದಿರಲಿಲ್ಲ.

ಅಂಗವಿಕಲರಿಗೆ ಸರ್ಕಾರದಿಂದ ಏನೇನು ಸಿಗುತ್ತದೆ ಎಂದು ನಮಗೆ ಹೇಳಿದವರೇ ಅಂಕಲ್. ಮೊದಲು ಪ್ರಮಾಣಪತ್ರ ಬೇಕು ಎಂದು ತಮ್ಮ ಸ್ಕೂಟರಿನಲ್ಲಿ ಆಸ್ಪತ್ರೆಗೆ ಕರೆದೊಯ್ದರು. ಅಲ್ಲಿಯ ಡಾಕ್ಟರು ನನ್ನ ಮುಖವನ್ನೂ ನೋಡದೆ ಬರೆಯತೊಡಗಿದಾಗ ಅಂಕಲ್ ಸುಮ್ಮನಿರಲಿಲ್ಲ. "ಸಾರ್, ಒಂದ್ಸಲ ಅವಳು ನಡೆಯೋದನ್ನ ನೋಡಿ. ಆಮೇಲೆ ಬರೀರಿ," ಎಂದರು. ಡಾಕ್ಟರು ಪೆನ್ನು ಕೆಳಗಿಟ್ಟರು. ನನಗಾಗಿ ಯಾರಾದರೂ ಹಾಗೆ ಮಾತಾಡಿದ್ದನ್ನು ನಾನು ಅದುವರೆಗೆ ಕೇಳಿರಲಿಲ್ಲ.

ಮಾಸಾಶನವೂ ಅವರ ಓಡಾಟದಿಂದಲೇ ಮಂಜೂರಾಯಿತು. ಆಮೇಲೆ ಒಂದು ದಿನ, ಅಂಗವಿಕಲರ ಕೋಟಾದಲ್ಲಿ ಎಸ್‌ಟಿಡಿ ಬೂತ್ ಕೊಡುತ್ತಾರೆ, ಅರ್ಜಿ ಹಾಕೋಣ ಎಂದರು. ಅವರು ಬೆರಳಿಟ್ಟು ತೋರಿಸಿದಲ್ಲೆಲ್ಲ ಸಹಿ ಮಾಡಿದೆ. ಗಾಜಿನ ಕೋಣೆ, ಪಕ್ಕದಲ್ಲಿ ಕುರ್ಚಿ, ಎದುರಿಗೆ ಬಿಲ್ಲಿನ ಯಂತ್ರ... ಕೂತು ಮಾಡುವ ಕೆಲಸ. ನನ್ನ ದುಡಿಮೆ ಶುರುವಾದರೆ ನಿನ್ನ ಹೊಲಿಗೆ ಕೆಲಸ ಬಿಡಿಸುತ್ತೇನೆ ಎಂದು ಅಮ್ಮನಿಗೆ ಹೇಳಿಯೂಬಿಟ್ಟಿದ್ದೆ.

ಬಹಳ ತಿಂಗಳ ನಂತರ ಅಂಕಲ್ ಜೋಲುಮುಖ ಹಾಕಿಕೊಂಡು ಇಳಿದು ಬಂದರು. ಬೂತ್ ಬೇರೆ ಯಾರಿಗೋ ಹೋಯಿತಂತೆ, ವಶೀಲಿ ಇದ್ದವರಿಗೆ. "ಬೇಜಾರು ಮಾಡ್ಕೋಬೇಡ ಪುಟ್ಟಿ, ಇನ್ನೊಂದ್ಸಲ ನೋಡೋಣ," ಎಂದರು. ಅಮ್ಮ ಅವರಿಗೇ ಸಮಾಧಾನ ಹೇಳಿ ಕಾಫಿ ಮಾಡಿಕೊಟ್ಟಳು.

ವರ್ಷ ಕಳೆದಿರಬೇಕು. ದೂರವಾಣಿ ಇಲಾಖೆಯ ಅಧಿಕಾರಿಯೊಬ್ಬರು ಮನೆಗೆ ಬಂದು ನನ್ನ ಹೆಸರು ಕೇಳಿದರು.

"ಬೂತ್‌ಗೆ ಎರಡು ಸಲ ಹೋಗಿದ್ದೆ ಕಣಮ್ಮ. ನೀವು ಅಲ್ಲಿ ಇರ್ಲೇ ಇಲ್ಲ."

"ಯಾವ ಬೂತ್ ಸಾರ್?"

ಅವರು ನನ್ನನ್ನೂ ಕ್ಯಾಲಿಪರನ್ನೂ ಬಾಗಿಲಲ್ಲಿ ನಿಂತ ಅಮ್ಮನನ್ನೂ ನೋಡಿದರು. ಆಮೇಲೆ ಮೆಲ್ಲಗೆ, ನಿಮ್ಮ ಹೆಸರಿನದೇ, ಜಯನಗರದ ಬಸ್ ನಿಲ್ದಾಣದ ಹತ್ತಿರದ್ದು ಎಂದರು.

ಮರುದಿನ ಆಟೊದಲ್ಲಿ ಹೋದೆವು. ಹಳದಿ ಬೋರ್ಡು, ಒಳಗೆ ಹೊರಗೆ ಜನ. ಕುರ್ಚಿಯಲ್ಲಿ ಅಂಕಲ್‌ರ ಭಾವಮೈದ ಕೂತಿದ್ದ; ಅವನು ಮಹಡಿಗೆ ಬಂದುಹೋಗುವುದನ್ನು ನಾವು ಕಿಟಕಿಯಿಂದ ನೋಡಿದ್ದೆವು. ಬಾಗಿಲಿಗೆ ಮೆಟ್ಟಿಲಿರಲಿಲ್ಲ. ಅಂಗವಿಕಲೆಯ ಬೂತ್ ಎಂದು ತೋರಿಸಲು ಸಿಮೆಂಟಿನ ಇಳಿಜಾರು ಕಟ್ಟಿಸಿದ್ದರು, ಪಕ್ಕದಲ್ಲಿ ಹಿಡಿದುಕೊಳ್ಳಲು ಕಂಬಿ. ನಾನು ಯಾರ ಕೈಯನ್ನೂ ಹಿಡಿಯದೆ ಸಲೀಸಾಗಿ ಮೇಲೆ ಹೋದೆ. ಅಷ್ಟು ಸಲೀಸಾಗಿ ಅಲ್ಲಿಯತನಕ ಯಾವ ಅಂಗಡಿಗೂ ನಾನು ಹತ್ತಿರಲಿಲ್ಲ. ಭಾವಮೈದ ತಲೆಯೆತ್ತಿ, "ಲೋಕಲ್ಲಾ, ಎಸ್‌ಟಿಡೀನಾ?" ಎಂದ. ನಾನು ಯಾರೆಂದು ಅವನಿಗೆ ಗೊತ್ತೇ ಇರಲಿಲ್ಲ.

ಸಂಜೆ ಅಮ್ಮ ಮಹಡಿ ಹತ್ತಿದಳು, ಹಿಂದೆಯೇ ನಾನೂ ಒಂದೊಂದೇ ಮೆಟ್ಟಿಲು ಹತ್ತಿದೆ. ಅಂಕಲ್ ಇಲ್ಲವೆನ್ನಲಿಲ್ಲ, ಗಾಬರಿಯಾಗಲೂ ಇಲ್ಲ. ಭಾವಮೈದನಿಗೆ ಕೆಲಸವಿರಲಿಲ್ಲ, ನಿಮಗೂ ತಿಂಗಳಿಗೆ ಏನಾದರೂ ಕೊಡಿಸಬೇಕೆಂದೇ ಇದ್ದೆ ಎಂದರು. ಆಮೇಲೆ ನನ್ನ ಕಡೆ ತಿರುಗಿ ಎಂದಿನ ಅಕ್ಕರೆಯ ದನಿಯಲ್ಲೇ ಕೇಳಿದರು: "ದಿನಾ ಬಸ್ ಹತ್ತಿ ಇಳಿದು, ಅಷ್ಟು ಹೊತ್ತು ಕೂತ್ಕೊಂಡು... ನಿನ್ನ ಕೈಲಿ ಆಗ್ತಿತ್ತಾ ಪುಟ್ಟಿ?"

ಬೂತ್ ಹೋದದ್ದಕ್ಕಿಂತ ಆ ಪ್ರಶ್ನೆ ನನ್ನನ್ನು ಹೆಚ್ಚು ಸುಟ್ಟಿತು. ನನ್ನ ಕೈಲಾಗುವುದಿಲ್ಲ ಎಂದು ಅವರು ಮೊದಲೇ ತೀರ್ಮಾನಿಸಿಬಿಟ್ಟಿದ್ದರು. ಆಸ್ಪತ್ರೆಯಲ್ಲಿ ಡಾಕ್ಟರಿಗೆ ಅವರು ತೋರಿಸಿದ್ದೂ ಅದನ್ನೇ ಇರಬೇಕು...

ನಿಯಮ ಮೀರಿದ್ದಕ್ಕೆ ಇಲಾಖೆ ಬೂತ್ ರದ್ದು ಮಾಡಿತು. ಒಮ್ಮೆ ಪಡೆದವರಿಗೆ ಮತ್ತೆ ಇಲ್ಲವೆಂದು ನನ್ನ ಹೊಸ ಅರ್ಜಿಯೂ ವಾಪಸಾಯಿತು. ಅಂಕಲ್ ಮನೆ ಖಾಲಿ ಮಾಡಿದರು. ಹೋಗುವಾಗ ನಮ್ಮ ಬಾಗಿಲ ಕಡೆ ತಿರುಗಲಿಲ್ಲ. ನಾನು ಟೈಪಿಂಗ್ ಕಲಿತು ವಕೀಲರೊಬ್ಬರ ಕಚೇರಿ ಸೇರಿದೆ. ಬಸ್ಸು ಹತ್ತಿ ಇಳಿದೇ ಇಷ್ಟು ವರ್ಷ ದುಡಿದೆ. ಅವರು ತೀರಿಕೊಂಡ ಸುದ್ದಿ ಬಂದಾಗ ಅಮ್ಮ ಅತ್ತಳು. ನನಗೆ ಅಳು ಬರಲಿಲ್ಲ.

ಮೊನ್ನೆ ಅಂಗವಿಕಲರ ಹೊಸ ಗುರುತಿನ ಚೀಟಿಗಾಗಿ ಸರ್ಕಾರಿ ಕಚೇರಿಗೆ ಹೋಗಿದ್ದೆ. ನನ್ನ ಕಣ್ಣೀಗ ಮಂಜು. ಪಕ್ಕದಲ್ಲಿ ಕೂತಿದ್ದ ಯುವತಿ ನಾನು ಅರ್ಜಿ ತುಂಬಲು ತಡಕಾಡುವುದನ್ನು ಕಂಡು, "ಕೊಡಿ ಆಂಟಿ, ನಾನು ತುಂಬಿಕೊಡ್ತೀನಿ," ಎಂದು ಕೈಚಾಚಿದಳು. ಒಳ್ಳೆಯ ಹುಡುಗಿಯೇ ಇರಬೇಕು. ಬೇಡಮ್ಮ ಎಂದು ಅರ್ಜಿಯ ಮೇಲೆ ಅಂಗೈ ಒತ್ತಿ ಹಿಡಿದೆ. ಅವಳ ಮುಖ ಸಣ್ಣದಾಯಿತು. ಕೈ ತೆಗೆಯಬೇಕು ಅನ್ನಿಸಿತು, ಆಗಲಿಲ್ಲ.