ಕಂಡಕ್ಟರ್ ಮಾವನ ಸ್ಕ್ಯಾನಿಂಗ್ ಟ್ರಿಪ್ಪು

ನಮ್ಮ ಕಂಡಕ್ಟರ್ ಮಾವ ಐವತ್ತು ಸೀಟಿನ ಬಸ್ಸಿಗೆ ಐನೂರು ಜನರನ್ನು ತುರುಕಿ, ‘ಒಳಗೆ ಮೈದಾನ ಖಾಲಿ ಇದೆ, ಮುಂದೆ ನಡೀರಿ!’ ಎನ್ನುತ್ತಿದ್ದವರು. ತಾವು ಮಾತ್ರ ಬಾಗಿಲು ಬಿಟ್ಟು ಕದಲುತ್ತಿರಲಿಲ್ಲ; ಮನೆಯಲ್ಲಿ ಬಚ್ಚಲಿಗೂ ಚಿಲಕ ಹಾಕದೆ, ಯಾರೂ ಬರದಂತೆ ಜೋರಾಗಿ ಹಾಡುತ್ತಾರೆ. ಬೆನ್ನುನೋವಿಗೆ ಡಾಕ್ಟರು ಬರೆದುಕೊಟ್ಟ ಸ್ಕ್ಯಾನಿಂಗ್‌ಗೆ ಹೋಗಿ, ಆ ಇಕ್ಕಟ್ಟು ಕೊಳವೆಯಿಂದ ಎರಡು ಸಲ ಎದ್ದು ಓಡಿದ್ದರು. ಸ್ಕ್ಯಾನ್ ಇಲ್ಲದೆ ಬೆನ್ನು ಮುಟ್ಟುವುದಿಲ್ಲ ಎಂದು ಡಾಕ್ಟರು ಹಟ ಹಿಡಿದಾಗ ಮೂರನೆಯ ಸಲ ಮಲಗಿ, ಕಣ್ಣು ಮುಚ್ಚಿ, ಯಂತ್ರದ ಗಡಗಡ ಸದ್ದಿಗೆ ಹಳೆಯ ರೂಟಿನ ಸ್ಟಾಪುಗಳನ್ನು ಮನಸ್ಸಿನಲ್ಲೇ ಕೂಗತೊಡಗಿದರು. ಏಳನೆಯ ಸ್ಟಾಪಿಗೆ, ಗಾಬರಿಯಾದರೆ ಒತ್ತಲೆಂದು ಕೈಗೆ ಕೊಟ್ಟಿದ್ದ ರಬ್ಬರ್ ಗುಂಡನ್ನು ಒಮ್ಮೆ ಒತ್ತಿದರು. ಯಂತ್ರ ನಿಂತಿತು. ‘ಭಯ ಆಯ್ತಾ ಅಂಕಲ್?’ ಎಂದು ಟೆಕ್ನಿಷಿಯನ್ ಹುಡುಗಿ ಓಡಿಬಂದಳು. ‘ಛೆ ಛೆ! ಇದು ನಮ್ಮವಳು ದಿನಾ ಹತ್ತುತ್ತಿದ್ದ ಸ್ಟಾಪಮ್ಮಾ. ಹೊರಗೆ ಕಾಯ್ತಿದಾಳೆ, ಕರಿ.’ ಅತ್ತೆ, ಅಯಸ್ಕಾಂತದ ಯಂತ್ರವೆಂದು ವಾಚು ಬಿಚ್ಚಿಟ್ಟು ಒಳಬಂದು, ಅವರ ಕಾಲಿನ ಹೆಬ್ಬೆರಳು ಹಿಡಿದು ನಿಂತರು. ಮಾವ ಬಸ್ಸು ಹೊರಡಿಸುವ ಬೆಲ್ಲಿನಂತೆ ಗುಂಡನ್ನು ಎರಡು ಸಲ ಒತ್ತಿ ಕೂಗಿದರು: ‘ರೈಟ್, ರೈಟ್!’