ಸೊಂಟದ ಕೀಲಿಕೈ

ಮೊಮ್ಮಗಳು ಸವಿತಾ ಮೊದಲ ಸಲ ಬಿದ್ದದ್ದು ಶಾಲೆಯ ಪ್ರಾರ್ಥನೆಯ ಸಾಲಿನಲ್ಲಿ. ಕೈಕಾಲು ಸೆಟೆದವು. ಬಾಯಲ್ಲಿ ನೊರೆ. ಅಕ್ಕಿಆಲೂರಿನ ಮಿಲ್ಲಿನಲ್ಲಿ ಅಕ್ಕಿ ಹಸನು ಮಾಡುತ್ತಿದ್ದ ನಾನು ಓಡಿಹೋದೆ. ಮೂರ್ಛೆ ಬಂದವರ ಕೈಗೆ ಕಬ್ಬಿಣ ಕೊಡಬೇಕೆಂದು ನಮ್ಮಲ್ಲಿ ಎಲ್ಲರಿಗೂ ಗೊತ್ತು. ಸೊಂಟದಿಂದ ಮನೆಯ ಕೀಲಿಕೈ ಬಿಚ್ಚಿ ಅವಳ ಮುಷ್ಟಿಗೆ ತುರುಕಿದೆ. ಸ್ವಲ್ಪ ಹೊತ್ತಿಗೆ ಎದ್ದಳು. ಕೀಲಿಕೈಯೇ ಉಳಿಸಿತು ಎಂದುಕೊಂಡೆ.

ಅದೇ ಕೀಲಿಕೈಯಿಂದ ಅವಳನ್ನು ಒಳಗಿಟ್ಟೆ.

ತಾಯಿಯಿಲ್ಲದ ಕೂಸು. ಕೆರೆಗೆ ಬಿದ್ದರೆ, ಬಸ್ಸಿನಡಿ ಬಿದ್ದರೆ ಯಾರು ಹೊಣೆ? ಶಾಲೆ ಬಿಡಿಸಿದೆ. ಮಿಲ್ಲಿಗೆ ಹೋಗುವಾಗ ಹೊರಗಿನಿಂದ ಕೀಲಿ ಹಾಕುತ್ತಿದ್ದೆ. ಕಿಟಕಿಗೆ ಬರುತ್ತಿದ್ದ ಗೆಳತಿಯರನ್ನು ಬೈದು ಓಡಿಸಿದೆ. ಹೀಗೆ ಎರಡು ವರ್ಷ.

ಸಂಜೆ ಇಬ್ಬರೂ ಟಿವಿಯಲ್ಲಿ ಒಂದು ಧಾರಾವಾಹಿ ನೋಡುತ್ತಿದ್ದೆವು. ಅದರಲ್ಲೊಬ್ಬ ತಾಯಿ, ಮಗಳಿಗೆ ಹೃದಯದ ಕಾಯಿಲೆ ಎಂದು ಹೇಳಿ ಮಾಳಿಗೆಯ ಕೋಣೆಯಿಂದ ಹೊರಗೇ ಬಿಡುವುದಿಲ್ಲ. ಆ ಹುಡುಗಿ ಗುಬ್ಬಿಯ ಜೊತೆ ಮಾತಾಡುತ್ತಾಳೆ. ನಾನು ದಿನಾ ಆ ತಾಯಿಯನ್ನು ಬೈಯುತ್ತಿದ್ದೆ.

"ಇಕಿ ಕೈಗೆ ಹುಳಾ ಬೀಳ್ಲಿ, ಕೂಸಿನ್ನ ಹಂಗ ಕೂಡಿ ಹಾಕ್ಯಾಳ" ಎಂದೆ ಒಂದು ಸಂಜೆ.

ಸವಿತಾ ಟಿವಿಯಿಂದ ಕಣ್ಣು ತೆಗೆಯದೆ, "ಸುಮ್ನಿರು ಆಯಿ. ಶಾಪ ನಿನಗ ಹತ್ತೀತು" ಅಂದಳು.

ರೊಟ್ಟಿ ತಾಟಿಗೆ ಹಾಕಿ, ಸೊಂಟದ ಕೀಲಿಕೈ ಮುಟ್ಟಿ ನೋಡಿಕೊಂಡೆ.

ಮರುದಿನ ಹುಬ್ಬಳ್ಳಿಯ ಆಸ್ಪತ್ರೆಗೆ ಕರೆದುಕೊಂಡು ಹೋದೆ. ಇಇಜಿ ಅಂದರು. ತಲೆಗೆಲ್ಲ ವೈರು ಅಂಟಿಸಿದರು. ದೆವ್ವ, ದೃಷ್ಟಿ ಎಂದು ನಾನು ಹೆದರಿದ್ದೆಲ್ಲ ಸಣ್ಣ ಸಣ್ಣ ಗೆರೆಗಳಾಗಿ ಪರದೆಯ ಮೇಲೆ ಓಡುತ್ತಿತ್ತು. ಎರಡನೆಯ ಇಯತ್ತೆಗೆ ಶಾಲೆ ಬಿಟ್ಟ ನಾನು ಬಾಯಿ ತೆರೆದುಕೊಂಡು ಅದನ್ನೇ ನೋಡುತ್ತ ನಿಂತೆ.

ಕೀಲಿಕೈಯ ಸಂಗತಿ ಕೇಳಿ ಡಾಕ್ಟರು ನಗಲಿಲ್ಲ. ಕಬ್ಬಿಣ ಬೇಡ, ಒಂದು ಮಗ್ಗುಲಿಗೆ ಹೊರಳಿಸಿ, ಗಡಿಯಾರ ನೋಡಿ, ಐದು ನಿಮಿಷ ದಾಟಿದರೆ ಆಸ್ಪತ್ರೆಗೆ ತನ್ನಿ, ಗುಳಿಗೆ ತಪ್ಪಿಸಬೇಡಿ ಎಂದರು. ಆಮೇಲೆ ಮೆಲ್ಲಗೆ ಕೇಳಿದರು:

"ಅಮ್ಮಾರ, ಕೀಲಿ ಹಾಕಿದ ಮನ್ಯಾಗ ಒಬ್ಬಾಕಿನ ಬಿದ್ದಿದ್ರ ಯಾರ ನೋಡ್ತಿದ್ರು?"



ಮತ್ತೆ ಶಾಲೆಗೆ ಕಳಿಸಿದೆ. ಹದಿನೈದನೆಯ ದಿನ ಅಲ್ಲೇ ಬಿದ್ದಳು. ನಾನು ಓಡಿ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ನಾನು ಕಿಟಕಿಯಿಂದ ಓಡಿಸಿದ್ದ ಹುಡುಗಿಯರೇ ಅವಳನ್ನು ಮಗ್ಗುಲಿಗೆ ಹೊರಳಿಸಿ, ತಲೆಯಡಿ ಪಾಟಿಚೀಲ ಇಟ್ಟಿದ್ದರು. ಸವಿತಾಳೇ ಕಲಿಸಿಟ್ಟಿದ್ದಳಂತೆ.

"ಎರಡ ನಿಮಿಷ ಆತು, ಆಯಿ. ಗಡಿಯಾರ ನೋಡೇನಿ" ಎಂದಳು ಅವರಲ್ಲೊಬ್ಬಳು, ನರ್ಸಿನ ಹಾಗೆ.

ನಾನು ಗುಡಿಯಲ್ಲೂ ಅಷ್ಟು ಸುಮ್ಮನೆ ನಿಂತವಳಲ್ಲ.

ಗುಳಿಗೆ ನಡೆದಿದೆ. ಇನ್ನು ಬೀಳುವುದಿಲ್ಲ ಎಂದು ಡಾಕ್ಟರೂ ಹೇಳಿಲ್ಲ. ಕೀಲಿಕೈ ಈಗ ಸವಿತಾಳ ಪಾಟಿಚೀಲದಲ್ಲಿದೆ. ನಾನು ಮಿಲ್ಲಿನಿಂದ ಬರುವಾಗ ಬಾಗಿಲು ತೆರೆದಿರುತ್ತದೆ. ಒಳಗೆ ನಾಲ್ಕೈದು ಹುಡುಗಿಯರ ಗದ್ದಲ. ಧಾರಾವಾಹಿ ಒಂದಕ್ಷರ ಕೇಳಿಸುವುದಿಲ್ಲ.